ಕಂಬಳಿ ಚುಂಗು

ಗ್ವಾಡಿಗೆ ಮೆತ್ತಿದ ಈ ಕರೇ ಸ್ಪಂಜಿಗೆ ಎಂಥಾ ವಾಸನಿ, ಹೊಸಾ ಚಪ್ಪಲಿದಂಗ, ಮೊದಲ ಹಿಂಗಿರಲಿಲ್ಲ, ಮೊದಲ ಇಲ್ಲಿ ದನಿ ತಿರುಗಿ ಬರಬಾರದಂತ ಕಂಬಳಿ ಇಳಿಬಿಟ್ಟಿದ್ದರು, ಖರೇ ಕುರಿ ಉಣ್ಣಿ ಕಂಬಳಿ, ಮಳಿಯಾಗ ತೊಯ್ದ ಹಿಂಡಿನ ವಾಸನಿ — ಶಿವಗಂಗವ್ವ ರೇಡಿಯೋದಾಗ ಮಾತಾಡಾಕ ಬಂದ ಮೊದಲನೇ ದಿನಾನ ಚಪ್ಪಲಿ ಬಿಟ್ಟು ಗ್ವಾಡಿಗೆ ಅಡ್ಡಬಿದ್ದಿದ್ದಳು, ಬೀರದೇವರು ಕುಂಡ್ರೂ ಗದ್ದಿಗಿ ಅಂದರ ಕಂಬಳಿನ ಅಲ್ಲ, ಕುರುಬರ ಮಗಳು ಮತ್ತೇನ ಮಾಡ್ಯಾಳು, ಮಷಿನ್ ನಡಸೂ ಕಾಶಿನಾಥ ನಕ್ಕೊಂತ, ಅವ್ವಾರ, ಮೈಕು ಆ ಕಡೆ ಇಲ್ರಿ, ಈ ಕಡೆ ಐತ್ರಿ. ಆವಾಗ ಅವನ ಮೀಸಿ ಕರ್ರಗಿತ್ತು. ಈಗ ಗಾಜಿನ ಆ ಬಾಜೂ ಬೋಳ ತಲಿ ಅಲ್ಲಾಡಸಾಕತ್ತಾನ, ತಯಾರ ಅದೀರಿಲ್ಲೋ ಅಂತ ಹೆಬ್ಬೆರಳ ಎತ್ತಾಕತ್ತಾನ, ಇಲ್ಲೋ ತಮ್ಮಾ, ಇವತ್ತ ತಯಾರ ಇಲ್ಲ, ಮೊದಲಿನಂಗ ಅಳಿಸಿ ಮತ್ತ ಮಾಡಾಕ ಬರಾಂಗಿಲ್ಲ, ಆಡಿದ ಮಾತ ಆಡಿದಂಗ ಹೊಂಟಬಿಡತೈತಿ, ಕೆಂಪು ದೀಪ ಹತ್ತಿದ ಕೂಡಲೇ ಅದ ಮಾತ ಹೇಳಬೇಕು, ಅಂಜಬ್ಯಾಡ್ರಿ, ದೇವರು ನಿಮ್ಮ ಬಾಜೂಕ ಅದಾನ — ಓದಾಕ ಬರದಾಕಿಗೆ ಯಾರೂ ಬರದು ಕೊಟ್ಟಿದ್ದಲ್ಲ ಅದು, ತಾನ ಬಾಯಿಗೆ ಬಂದಿದ್ದು, ದಿನಾ ಮುಂಜಾನಿ, ಇಷ್ಟ ವರ್ಷ, ಗೋಕಾಕದಿಂದ ಹುಕ್ಕೇರಿತನಕ ಹೆಣ್ಣಮಕ್ಕಳು ಆ ಮಾತ ಕೇಳೇ ರೊಟ್ಟಿಗೆ ಹಂಚ ಇಡತಾರ, ಗೋಕಾಕ ಫಾಲ್ಸಿನಾಗ ಭಕ್ತಿ ಸಿನಿಮಾ ತಗದಾಗೂ ಅದ, ಶರಣನ ತಾಯಿ ವೇಷ ಹಾಕಿ ನೀರಿನ ಹೊಗಿಯಾಗ ನಿಂದರಸಿ ಅದೊಂದ ಮಾತ ಆಡಿಸಿದರು, ಮುಂದ ಮೂಡಲಗಿ ಸಂತಿಯಾಗ ಬದನಿಕಾಯಿ ಆರಸಾಕ ಕುಂತರ ಮಂದಿ ದೇವರ ಅವ್ವ ಅಂತ ಬಂದು ಕಾಲ ಹಿಡಿಯೋರು, ಬಾಳವ್ವ ಬಿದ್ದ ಬಿದ್ದ ನಗತಿದ್ದಳು, ಏ ದೇವರ ಅವ್ವಾ, ಹುಳಕ ಬದನಿಕಾಯಿ ಹಾಕ್ಯಾನ ನೋಡ, ನಿನ್ನ ಮಗಗ ಹೇಳು. ಬಾಳವ್ವ. ಬೆನ್ನಿಗೆ ಬಿದ್ದ ತಂಗಿ. ಧುಪದಾಳದಾಗ ಹಾಸಿಗಿ ಹಿಡದಾಳ, ಇನ್ನ ಮನಿಗೆ ಕರಕೊಂಡ ಹೋಗ್ರಿ ಅಂದಬಿಟ್ಟಾರ ಡಾಕ್ಟರು, ತಲಿದೆಸಿ ರೇಡಿಯೋ, ಎದಿ ಮ್ಯಾಲ ಕಂಬಳಿ, ಕಂಬಳಿ ಚುಂಗು ಮುಷ್ಟಿಯೊಳಗ. ಸಣ್ಣವರಿದ್ದಾಗ ತುಕ್ಕಾನಟ್ಟಿ ಹೊಲದಾಗ ರಾತ್ರಿ ಕುರಿ ತರುಬಿದಾಗೂ ಹಂಗ, ಇಬ್ಬರಿಗೂ ಒಂದ ಕಂಬಳಿ, ತೋಳ ಊಳಿಟ್ಟರ ಆಕಿ ಚುಂಗು ಹಿಡಿಯಾಕಿ, ಅಕ್ಕಾ, ನಿನಗೂ ಅಂಜಿಕಿ ಬರತೈತೇನ, ಇಲ್ಲ, ಸುಮ್ಮನ ಮಕ್ಕೊ — ತನ್ನ ಹಲ್ಲ ಕಟಕಟ ಅನ್ನಾಕತ್ತಿದ್ದವು. ನಿನ್ನೆ ಚಮಚೆಲೆ ನೀರ ಹಾಕೂಮುಂದ ಬಾಳವ್ವ ಅಂದಳು, ನಾಳಿ ನೀ ಅಂಜಬ್ಯಾಡ್ರಿ ಅನಬ್ಯಾಡಕ್ಕಾ, ನೀ ಹಂಗ ಅಂದರ ಅಂಜಾಕಿ ನಾ ಒಬ್ಬಾಕಿನ ಆಕ್ಕೇನಿ, ನನಗೂ ಅಂಜಿಕಿ ಐತಿ ಅನ್ನು, ಜೋಡ ಆಕ್ಕೈತಿ. ಹುಚ್ಚಿ, ಹಂಗ ಅಂದರ ಉಳಿದ ಮಂದಿ ಏನ ಮಾಡಬೇಕ, ಹಂಚ ಇಟ್ಟಾಕಿ, ದವಾಖಾನ್ಯಾಗ ಮಲಗಿದಾಂವ, ದೇವರ ಅವ್ವನ ಅಂಜ್ಯಾಳಂತ — ಮತ್ತ ಬಾಳವ್ವ? ಕಾಶಿನಾಥ ಬೆರಳ ಒಂದೊಂದ ಮಡಚಾಕತ್ತಾನ, ಕಂಬಳಿ ಇಲ್ಲದ ಗ್ವಾಡಿಗೆ ಶಿವಗಂಗವ್ವ ಕೈ ಮುಗಿದಳು, ದೀಪ ಕೆಂಪಾತು, ದಿನದ ಮಾತ ನಾಲಿಗಿ ತುದಿತನಕ ಬಂದು ನಿಂತತು, ಕಾಶಿನಾಥ ಗಾಜಿಗೆ ಮೂಗ ಹಚ್ಯಾನ, ನನಗೂ ಅಂಜಿಕಿ ಐತಿ ತಂಗೀ, ಅಂದಳು, ಸಾವಿರ ಮನಿಯೊಳಗ ಒಮ್ಮೆಲೆ ಅಂದಳು, ಇನ್ನ ಮುಂದಿನ ಮಾತ, ದೇವರು, ದೇವರು ಬಾಜೂಕ — ಅಲ್ಲಿ ಬಾಳವ್ವನ ಮುಷ್ಟಿ ಬಿಗಿ ಐತೋ, ಸಡ್ಲಾಗೇತೋ — ಬಾಜೂಕ — ಮುಷ್ಟಿಯೊಳಗ ಕಂಬಳಿ ಚುಂಗು, ಕಂಬಳಿ ಚುಂಗು