ದೊಡ್ಡದು ಮಾಡಿದ ಬೆಳಕು

ಸೂರ್ಯ ಹಿತ್ತಲ ಕಡೆ ವಾಲಿದ್ದಾನೆ, ಬೆಳಕಿಂಡಿಯಿಂದ ಬೀಳುವ ಬಿಸಿಲು ಈ ಹೊತ್ತಿಗೆ ಒಲೆಯ ಕಡೆ ಇರಬೇಕು, ಇದೇನಿದು ಬಾಗಿಲ ಕಡೆ ಹೊರಟಿದೆ, ಬಣ್ಣವೂ ಬಿಸಿಲಿನದಲ್ಲ, ಬೆಣ್ಣೆ ಕಾಯುವಾಗ ತಳದಲ್ಲಿ ಕಾಣುವ ಬಣ್ಣ, ಅದರೊಳಗೆ ಒಂದು ಧೂಳಿನ ಕಣವೂ ಆಡುತ್ತಿಲ್ಲ — ಬೇಡ, ಅಲ್ಲಿ ನೋಡಬೇಡ, ನೋಡಿದರೆ ಆ ಕಾಲು ಕಾಣುತ್ತದೆ, ಹೊಸ್ತಿಲ ಮೇಲೆ ಎತ್ತಿದ ಕಾಲು, ಉಂಗುಟಕ್ಕೆ ಜೋತುಬಿದ್ದ ನೀಲಿ ಪಟ್ಟಿಯ ಚಪ್ಪಲಿ. ಮೊದಲಿನಿಂದ ನೆನಪು ಮಾಡಿಕೊಳ್ಳಬೇಕು, ಎಲ್ಲಿಂದ ಶುರುವಾಯಿತು ಅಂತ. ಮೊದಲು ಉಪ್ಪು. ಊಟವಾದ ಮೇಲೆ ಅತ್ತೆ ಮುದುಕಮ್ಮ ಉಪ್ಪಿನ ಡಬ್ಬಿ ಅಲುಗಾಡಿಸಿ, ಏ ಅಮೃತಾ, ಉಪ್ಪು ಹೆಚ್ಚಾಗೈತಿ ನೋಡವಾ, ಸಂಜಿಗೆ ತರಿಸು ಅಂದರು, ಖಾಲಿ ಡಬ್ಬಿಯನ್ನು ಆ ಬೆಳಕಿನಲ್ಲೇ ಇಟ್ಟರು, ಈ ಮನೆಯ ಅಡುಗೆಕೋಣೆಯಲ್ಲಿ ಇಲ್ಲ ಅನ್ನುವ ಮಾತೇ ಇಲ್ಲ, ತೀರಿದ್ದೆಲ್ಲ ಹೆಚ್ಚಾಗಿರುತ್ತದೆ, ತವರೂರು ಮರಳಿಯಿಂದ ಸೊಸೆಯಾಗಿ ಬಂದ ಹೊಸದರಲ್ಲಿ ಇದೇ ಮಾತು ಕೇಳಿ ನಾನು ಸಾರಿಗೆ ಒಂದು ಚೊಂಬು ನೀರು ಸುರಿದಿದ್ದೆ, ನಮ್ಮ ಸೊಸಿ ಭಾಳ ಶ್ಯಾಣ್ಯಾಕಿ ಅಂತ ಇಡೀ ಭಾಗ್ಯನಗರಕ್ಕೆ ಹೇಳಿಕೊಂಡು ನಕ್ಕಿದ್ದರು — ಇವತ್ತು ಡಬ್ಬಿಯ ಮುಚ್ಚಳ ತಾನಾಗಿ ಎದ್ದಿತು, ಉಪ್ಪು ಉಕ್ಕಿತು, ಹಾಲು ಉಕ್ಕಿದ ಹಾಗೆ, ಕಟ್ಟೆ ತುಂಬಿ ನೆಲಕ್ಕೆ ಇಳಿಯಿತು. ಬೆಚ್ಚಿ ಹಿಂದೆ ಸರಿದೆ, ಕೈ ಗೋಡೆಗೆ ಬಡಿಯಿತು, ಹಸಿರು ಬಳೆ ಒಡೆಯಿತು, ಒಡೆಯಿತು ಅನ್ನಬಾರದಲ್ಲ, ಇಷ್ಟು ವರ್ಷದ ರೂಢಿ, ನಾಲಿಗೆ ತಾನೇ ಅಂದುಬಿಟ್ಟಿತು, ಅಯ್ಯ, ಬಳಿ ಹೆಚ್ಚಾದ್ವು — ಕೈ ಬೆಳಕಿನಲ್ಲಿತ್ತು, ಮಣಿಕಟ್ಟಿನಿಂದ ಮೊಣಕೈವರೆಗೆ ಒಂದರ ಹಿಂದೆ ಒಂದು ಬಳೆ, ತಣ್ಣಗೆ, ಕಿಣಿಕಿಣಿ ಅಂತ ಏರಿದವು. ಈಗಲೂ ಕೈ ಜಗ್ಗುತ್ತಿದೆ, ಭ್ರಮೆಗೆ ಇಷ್ಟು ಭಾರ ಇರುವುದಿಲ್ಲ.

ಅಷ್ಟೊತ್ತಿಗೇ ಇವರು ಹೊರಡಬೇಕೆ, ಗಂಡ, ಸಿದ್ದೇಶ, ಮಧ್ಯಾಹ್ನದ ಪಾಳಿ, ಕಾರ್ಖಾನೆಯ ಬಸ್ಸು ಓಣಿಯ ತುದಿಯಲ್ಲಿ ಹಾರ್ನ್ ಹೊಡೆಯುತ್ತಿತ್ತು, ಅವಸರದ ಮನುಷ್ಯ, ಚಪ್ಪಲಿ ನೆಟ್ಟಗೆ ಮೆಟ್ಟಿಕೊಂಡು ಹೋದ ದಿನವೇ ಇಲ್ಲ, ಒಳಗೆ ಏನಾಗಿದೆ ಅಂತಲೂ ನೋಡದೆ ಹೊಸ್ತಿಲಲ್ಲಿ ನಿಂತು ಬರ್ತೀನಬೇ ಯವ್ವಾ ಅಂದರು. ಬೆಳಕು ಆಗಲೇ ಹೊಸ್ತಿಲು ಮುಟ್ಟಿತ್ತು. ಹೋಗ್ತೀನಿ ಅಂತ ಯಾರು ಅಂತಾರೆ, ಹೋದ ಅಂದರೆ ಸತ್ತ ಅಂತ, ಹೊರಡುವವರೆಲ್ಲ ಬರ್ತೀನಿ ಅನ್ನುವ ಊರು ಇದು — ಹೊರಗಿಟ್ಟ ಕಾಲು ಗಕ್ಕನೆ ಒಳಕ್ಕೆ ತಿರುಗಿತು. ಬಂದರು, ಬಂದು ಮುಟ್ಟಲಿಲ್ಲ, ಕಾಲು ಇಳಿಯುತ್ತದೆ, ಇನ್ನೇನು ಇಳಿಯಿತು, ಮತ್ತೆ ಮೇಲಿದೆ, ಬರ್ತೀನಿ ಅಂದವರು ಬರುತ್ತಲೇ ಇದ್ದಾರೆ, ನೀಲಿ ಪಟ್ಟಿಯ ಚಪ್ಪಲಿ ಜೋಲಾಡುತ್ತಲೇ ಇದೆ, ಬಾಯಲ್ಲಿ ಬರ್ತೀನಿ ಬರ್ತೀನಿ ಅದೊಂದೇ, ಕಣ್ಣು ಮಾತ್ರ ನನ್ನನ್ನೇ ನೋಡುತ್ತಿವೆ, ಅಂಗಿ ಬೆವರಿಗೆ ಮೈಗಂಟಿದೆ, ಏದುಸಿರು, ಎಷ್ಟು ಹೊತ್ತು ತಡೆದೀತು ಆ ಎದೆ, ಹೀಗೇ ಬಿಟ್ಟರೆ ನನ್ನ ಕಣ್ಣೆದುರೇ ಒಡೆದುಬಿಡುತ್ತದೆ. ಬಸ್ಸು ಹೊರಟಿತು. ಅತ್ತೆ ಎದೆ ಬಡಿದುಕೊಂಡು, ಮದ್ಲ ಆ ಬೆಳಕ ದೊಡ್ಡದ ಮಾಡವಾ, ದೊಡ್ಡದ ಮಾಡ — ಅಯ್ಯೋ ಅತ್ತಿ, ದೀಪ ಆರಿಸು ಅನ್ನಬಾರದು ಅಂತ ದೊಡ್ಡದು ಮಾಡು ಅನ್ನುವುದು ನನಗೆ ಗೊತ್ತು, ಆ ಬೆಳಕಿಗೆ ಹೇಗೆ ಗೊತ್ತಾಗಬೇಕು, ಅದು ಇವತ್ತು ಬಂದ ಸೊಸೆ, ಹೇಳಿದ್ದನ್ನು ಹೇಳಿದ ಹಾಗೇ ಮಾಡುತ್ತದೆ — ಮಾಡಿತು, ಗೋಡೆ ಹತ್ತಿತು, ಒಲೆ ನುಂಗಿತು, ನನ್ನ ಪಾದಕ್ಕೆ, ಸೀರೆಗೆ, ಮುಖಕ್ಕೆ ಬಂತು, ಬಿಸಿಯೂ ಇಲ್ಲ ತಂಪೂ ಇಲ್ಲ.

ಹೇಳಿದ ಹಾಗೇ ಮಾಡುತ್ತದೆ. ಹಾಗಾದರೆ ನೆಟ್ಟಗೆ ಹೇಳಬೇಕು. ದಿನವೂ ಇವರು ಬರ್ತೀನಿ ಅಂದಾಗ ನಾನು ಹೋಗಿ ಬರ್ರಿ ಅನ್ನುತ್ತೇನೆ, ಇವತ್ತು ಬಳೆ ನೋಡುತ್ತ ಗರಬಡಿದು ನಿಂತವಳು ಅನ್ನಲಿಲ್ಲ, ಈಗ ಅಂದರೂ ಸಾಕು, ಹೋಗುತ್ತಾರೆ, ಬರುತ್ತಾರೆ, ಎರಡರಲ್ಲೂ ಸುತ್ತುಬಳಸು ಇಲ್ಲ — ಆದರೆ ಹೋಗಿ ಮೊದಲು, ಬರ್ರಿ ಆಮೇಲೆ, ನಡುವೆ ಒಂದು ಉಸಿರು, ಆ ಉಸಿರು ಎಡವಿದರೆ. ಹೆದರಿಕೆಯಾಗುತ್ತಿದೆ, ನನಗೆ ಇಂಥ ಹೆದರಿಕೆ ಹೆರಿಗೆಯಲ್ಲೂ ಆಗಿರಲಿಲ್ಲ. ಹಂಗ್ಯಾಕ ನಿಂತೀಯವಾ, ಬಾಯಿ ಮುಚ್ಚಬ್ಯಾಡ, ಏನರ ಅನ್ನು ಅಂದರು ಅತ್ತೆ. ಅಂದೆ. ಹೋಗಿ — ಕಾಲು ಹೊರಕ್ಕೆ ತಿರುಗಿತು, ನೆಲಕ್ಕೆ ಬಿದ್ದ ಸದ್ದು ಕೇಳಿತು, ಬಾಗಿಲಲ್ಲಿ ಅವರಿಲ್ಲ, ಓಣಿಯಲ್ಲಿ ಅವರಿಲ್ಲ, ಎದುರು ಮನೆಯ ಕಟ್ಟೆ ಖಾಲಿ, ಬೇಗ, ಬರ್ರಿ ಅನ್ನು, ಅನ್ನು — ತುಟಿ ಕೂಡುತ್ತಿಲ್ಲ. ಬಾಯಿ ಮುಚ್ಚಬ್ಯಾಡ ಅಂದಿದ್ದಾರೆ ಅತ್ತೆ, ಬೆಳಕು ನನ್ನ ಮುಖದ ಮೇಲಿದೆ, ಬ ಅನ್ನಬೇಕಾದರೆ ತುಟಿ ಮುಚ್ಚಬೇಕು, ಮೂರು ವರ್ಷದ ಮಗು ಅನ್ನುವ ಅಕ್ಷರ, ಬೆರಳಿನಿಂದ ಒತ್ತಿ ಹಿಡಿದರೂ ಕೂಡುತ್ತಿಲ್ಲ, ಹೊಳ್ಳಿ ಅನ್ನಲೇ, ತಿರುಗಿ ಅನ್ನಲೇ, ಯಾವುದರ ಕೊನೆಗೂ ಬಾ ಬೇಕಲ್ಲ. ಅತ್ತಿ, ನೀವರ ಅನ್ರಿ, ಒಂದಕ್ಷರ, ನಿಮ್ಮ ಮಗ, ಅಂತ ಬರೀ ಕೈ ಮಾಡಿ ತೋರಿಸುತ್ತಿದ್ದೇನೆ, ಬಳೆಗಳೆಲ್ಲ ಕಿಣಿಕಿಣಿ ಅನ್ನುತ್ತಿವೆ — ಅತ್ತೆ ಸೆರಗನ್ನು ಬಾಯಿಗೆ ತುರುಕಿಕೊಂಡಿದ್ದಾರೆ, ಎಲ್ಲ ತನ್ನ ಮಾತಿನಿಂದಲೇ ಆದದ್ದು ಅಂತ ಗೊತ್ತಾಗಿದೆ ಅವರಿಗೆ, ಒಲ್ಲೆ ಒಲ್ಲೆ ಅಂತ ತಲೆ ಅಲ್ಲಾಡಿಸುತ್ತಾರೆ, ಸೆರಗು ಕಿತ್ತರೆ ಎರಡೂ ಕೈಯಿಂದ ಬಾಯಿ ಮುಚ್ಚಿಕೊಳ್ಳುತ್ತಾರೆ, ನನ್ನ ಬಾಯಿ ಮುಚ್ಚುತ್ತಿಲ್ಲ, ಅವರದು ತೆರೆಯುತ್ತಿಲ್ಲ, ಹೋಗಿ ಅಂದವಳು ನಾನು, ಹೋಗಿ ಅಷ್ಟೇ ಅಂದವಳು, ಹೊಸ್ತಿಲ ಮೇಲೆ ಚಪ್ಪಲಿ, ನೀಲಿ ಪಟ್ಟಿಯದು, ಒಂದೇ, ಒಳಗೆ ಮುಖ ಮಾಡಿ —