ಎರಡು ಗೋಡೆ, ಒಂದು ಬೆಡ್‌ಶೀಟ್

ಗಡಿ ಮುಚ್ಚಿ ಮೂವತ್ತೊಂದು ವರ್ಷವಾಗಿತ್ತು. ಅಮ್ಮ ಈಚೆ, ದೊಡ್ಡಮ್ಮ ಆಚೆ. ನೆಂಟರನ್ನು ನೋಡಬೇಕು ಅಂದರೆ ಯಾರಿಗೂ ಪರವಾನಗಿ ಇಲ್ಲ. ಕೆಲಸಕ್ಕೆಂದು ಹೋಗುವವರಿಗೆ ಮಾತ್ರ ಗೇಟು ತೆರೆಯುತ್ತಿತ್ತು. ವಿಡಿಯೋ ಕಲಾವಿದೆಯಾದ ಮಗಳು ಒಮ್ಮೆ ಆ ಕೆಲಸದ ಪರವಾನಗಿಯಲ್ಲೇ ಕ್ಯಾಮೆರಾ ಹೊತ್ತು ಹೋದಳು. ಬೆಡ್‌ಶೀಟಿನ ಒಂದು ತುದಿಯನ್ನು ಕಿಟಕಿಯ ಸರಳಿಗೆ ಕಟ್ಟಿ, ಇನ್ನೊಂದನ್ನು ದೊಡ್ಡಮ್ಮನ ಕೈಗೆ ಕೊಟ್ಟು, ಅವರು ಕೊಡವಿ ಮಡಚುವುದನ್ನು ಚಿತ್ರೀಕರಿಸಿಕೊಂಡು ಬಂದಳು. ಮನೆಯಲ್ಲಿ ಅಮ್ಮನಿಂದಲೂ ಅದನ್ನೇ ಮಾಡಿಸಿದಳು.

"ಇಬ್ಬರು ಮಾಡೋ ಕೆಲಸಾನ ಕಿಟಕಿ ಜೊತೆ ಮಾಡು ಅಂತೀಯಲ್ಲೇ! ನೋಡಿದೋರು ನನಗೆ ತಲೆ ಕೆಟ್ಟಿದೆ ಅಂದ್ಕೋತಾರೆ" ಎಂದು ಅಮ್ಮ ಗೊಣಗಿದರು.

ಗ್ಯಾಲರಿಯಲ್ಲಿ ಎದುರುಬದುರು ಗೋಡೆಗಳ ಮೇಲೆ ಅಕ್ಕ ತಂಗಿಯರ ವಿಡಿಯೋ. ನಡುವೆ, ಒಂದು ಗೋಡೆಯಿಂದ ಇನ್ನೊಂದರವರೆಗೆ, ನಿಜವಾದ ಬಿಳಿ ಬಟ್ಟೆ. ಗ್ಯಾಲರಿಯ ಮುಖ್ಯಸ್ಥರು ಮುಖ ಹುಳ್ಳಗೆ ಮಾಡಿಕೊಂಡರು.

"ಗಡಿ ಅಂದಮೇಲೆ ಒಂದು ಮುಳ್ಳುತಂತಿನಾದ್ರೂ ಬೇಡ್ವೇನಮ್ಮ? ಇದು ಬರೀ ಮನೆಕೆಲಸ."

"ತಂತಿ ನೋಡೋಕೆ ಜನ ಗಡಿಗೇ ಹೋಗ್ತಾರೆ ಸಾರ್" ಎಂದವಳು ಜಪ್ಪಯ್ಯ ಅಂದರೂ ಜಗ್ಗಲಿಲ್ಲ.

ಮೊದಲ ದಿನ ಅಮ್ಮ ಬಂದರು. ಗೋಡೆಯ ಮೇಲೆ ಆಳೆತ್ತರದ ಅಕ್ಕನನ್ನು ಕಂಡು ಸೀದಾ ಹತ್ತಿರ ಹೋದರು. ಆಮೇಲೆ ಇಡೀ ಗ್ಯಾಲರಿಗೆ ಕೇಳುವಂತೆ, "ಅಕ್ಕಾ, ಬಿಗಿಯಾಗಿ ಹಿಡಿಯೇ! ಮೊದಲಿಂದಲೂ ನಿಂದು ಇದೇ ಕಥೆ!" ಎಂದು ಗದರಿ, ಬಿಳಿ ಬಟ್ಟೆಯ ತುದಿಯನ್ನು ಹಿಡಿದೇಬಿಟ್ಟರು. ಗುರುತಿಲ್ಲದ ಮುದುಕರೊಬ್ಬರು ಹೋಗಿ ಇನ್ನೊಂದು ತುದಿ ಹಿಡಿದರು. ಅವರ ಹಿಂದೆ ಮತ್ತೊಬ್ಬರು. ವಾರದೊಳಗೆ ಬಟ್ಟೆ ಹಿಡಿಯಲು ಬಂದವರ ಸಾಲು ಬೀದಿಯ ತಿರುವು ದಾಟಿತು. ಮುಖ್ಯಸ್ಥರೂ ಕೋಟು ಬಿಚ್ಚಿಟ್ಟು ಒಂದು ಮೂಲೆ ಹಿಡಿದರು.

ಗಡಿಯಾಚೆಯ ದೊಡ್ಡ ಗ್ಯಾಲರಿಯಿಂದ ಕರೆ ಬಂತು: ಕಲಾವಿದೆ, ಜೊತೆಗೆ ಒಬ್ಬರು ಸಹಾಯಕರು ಬರಬಹುದು. ಅವಳು ಅರ್ಜಿಯಲ್ಲಿ ಅಮ್ಮನ ಹೆಸರು ಬರೆದು, ಮುಂದೆ 'ಬಟ್ಟೆ ಮಡಚುವ ತಜ್ಞೆ' ಎಂದು ತುಂಬಿದಳು.

"ಇದೂ ಒಂದು ಕೆಲಸಾನಾ?" ಗೇಟಿನ ಅಧಿಕಾರಿ ಹುಬ್ಬೇರಿಸಿದ.

"ಅರವತ್ತು ವರ್ಷದ ಅನುಭವ ಸಾರ್" ಎಂದರು ಅಮ್ಮ. "ಎಲ್ಲಿ, ನೀವೊಂದು ಸಲ ಸುಕ್ಕಿಲ್ಲದ ಹಾಗೆ ಮಡಚಿ ನೋಡೋಣ."

ಅವನು ನಗು ನುಂಗಿಕೊಂಡು ಠಪ್ಪನೆ ಮೊಹರು ಒತ್ತಿದ.

ಆಚೆ ಬದಿಯ ಬೆಂಚಿನಿಂದ ದೊಡ್ಡಮ್ಮ ಎದ್ದು ನಿಂತರು. ಅಮ್ಮ ಮಂಡಿನೋವು ಮರೆತು ಓಡಿದರು.

"ಯಾಕೇ ಇಷ್ಟು ತಡ?" ದೊಡ್ಡಮ್ಮ ತಂಗಿಯ ಕೆನ್ನೆ ಹಿಡಿದು ಕೇಳಿದರು.

"ಏನ್ ಮಾಡ್ಲಿ ಅಕ್ಕಾ, ಕೆಲಸ ಸಿಗೋದೇ ತಡ ಆಯ್ತು!"

ಇಬ್ಬರೂ ಅಳುತ್ತ, ನಗುತ್ತ, ಕೈ ಕೈ ಹಿಡಿದು ನಡೆದೇಬಿಟ್ಟರು. ಐದು ಪೆಟ್ಟಿಗೆ, ಎರಡು ಪ್ರೊಜೆಕ್ಟರ್ ಎಳೆದುಕೊಂಡು ಏದುಸಿರು ಬಿಡುತ್ತಿದ್ದ ಮಗಳನ್ನು ಯಾರೂ ತಿರುಗಿ ನೋಡಲಿಲ್ಲ. ಅವಳಿಗೆ ಜಗತ್ತನ್ನೇ ಗೆದ್ದಷ್ಟು ಖುಷಿ.