ಕತ್ತರಿ ಸಿಗದೆ ದೋಣಿ ಹೊರಡದು

ನಮ್ಮ ಜೈಲಿನ ದ್ವೀಪದಲ್ಲಿ ಹೆಂಗಸರ ತಲೆಗೂದಲು ಸಿಂಗರಿಸಬಲ್ಲವನು ಒಬ್ಬನೇ: ದುಯೀಲಿಯೊ. ಲಿವೋರ್ನೊ ಊರಿನ ಕ್ಷೌರಿಕ, ಹನ್ನೊಂದು ವರ್ಷದಿಂದ ಕೈದಿ. ಮಂಗಳವಾರ ಕಾವಲುಗಾರರ ಹೆಂಡತಿಯರೆಲ್ಲ ಅವನೆದುರು ಸರದಿಯಲ್ಲಿ ಕೂರುತ್ತಿದ್ದರು. ಕೆಲಸ ಮುಗಿದೊಡನೆ ಕತ್ತರಿ ನಮ್ಮ ಮನೆಯ ಪೆಟ್ಟಿಗೆಗೆ ವಾಪಸ್. ಅಪ್ಪನೇ ಕಾವಲಿನ ಮುಖ್ಯಸ್ಥ. ಒಂದು ಕತ್ತರಿ ಕಡಿಮೆ ಬಿದ್ದರೂ ಅದು ಸಿಗುವ ತನಕ ದೋಣಿ ಹೊರಡುವಂತಿಲ್ಲ.

ನನ್ನ ಮದುವೆ ಭಾನುವಾರ. ದುಯೀಲಿಯೊನ ಬಿಡುಗಡೆ ಶನಿವಾರ, ಬೆಳಗಿನ ದೋಣಿಗೆ.

"ಒಂದು ದಿನ ತಡವಾಗಿ ಹೋದ್ರೆ ಅವನ ಗಂಟೇನು ಹೋಗುತ್ತೆ?" ಅಂದಳು ಅಮ್ಮ. "ಹನ್ನೊಂದು ವರ್ಷ ಇದ್ದವನು!"

"ಅವನನ್ನೇ ಕೇಳಮ್ಮ."

"ಕೇಳಿದ್ರೆ ಆಗಲ್ಲ ಅಂತಾನೆ. ಅದಕ್ಕೇ ಕೇಳಲ್ಲ."

ಶನಿವಾರ ಬೆಳಿಗ್ಗೆ ಸೈರನ್ ಕೂಗಿತು. ಒಂದು ಕತ್ತರಿ ಇಲ್ಲ. ಅಪ್ಪ ಹಾಸಿಗೆಗಳನ್ನೆಲ್ಲ ಕೊಡವಿಸಿದ, ಹಿಟ್ಟಿನ ಮೂಟೆಗಳಲ್ಲಿ ಭುಜದವರೆಗೆ ತೋಳು ತೂರಿಸಿದ. ದುಯೀಲಿಯೊ ಹೊಸ ಕೋಟು ತೊಟ್ಟು ದೋಣಿಕಟ್ಟೆಯಲ್ಲಿ ಸೂಟ್‌ಕೇಸಿನ ಮೇಲೆ ಕೂತಿದ್ದ. ಅಮ್ಮ ಗುನುಗುತ್ತಾ ಮೀನು ಉಜ್ಜುತ್ತಿದ್ದಳು. ಅವಳ ತುರುಬು ಎಂದಿಗಿಂತ ದಪ್ಪಗಿತ್ತು.

"ಅಮ್ಮ, ಒತ್ತಾವಿಯೊ ಹೇಗೆ ಬರ್ತಾನೆ?"

"ಮದುಮಗ ಈಜಿಕೊಂಡು ಬರ್ತಾನಾ? ದೋಣೀಲಿ ಬರ್ತಾನೆ."

"ಯಾವ ದೋಣೀಲಿ?"

ಮೀನು ಕೈಜಾರಿತು. ಬೆಳಿಗ್ಗೆ ಹೋಗುವ ದೋಣಿಯೇ ಸಂಜೆ ಮದುಮಗನನ್ನೂ ಪಾದ್ರಿಯನ್ನೂ ಕರೆತರಬೇಕು. ನಮಗಿದ್ದದ್ದು ಅದೊಂದೇ.

ಕಟ್ಟೆಗೆ ಓಡಿದೆವು. ಕಾವಲುಗಾರರೆಲ್ಲ ಅಲ್ಲೇ ಇದ್ದರು. ಅಮ್ಮ ತುರುಬಿಗೆ ಕೈ ಎತ್ತಿದಳು, ಅರ್ಧಕ್ಕೇ ಇಳಿಸಿದಳು. ಅವಳು ಒಪ್ಪಿಕೊಂಡರೆ ಅಪ್ಪನ ಕೆಲಸ ಹೋಗುತ್ತದೆ.

ದುಯೀಲಿಯೊ ತಲೆಯೆತ್ತಿ ಅವಳ ತುರುಬನ್ನೇ ದಿಟ್ಟಿಸಿದ.

"ಸಿನ್ಯೋರಾ, ಇದನ್ನ ಯಾರು ಕಟ್ಟಿದ್ದು? ನನ್ನ ಮಾನ ಹೋಗುತ್ತೆ. ಕೂತ್ಕೊಳ್ಳಿ."

ಅಮ್ಮ ಸೂಟ್‌ಕೇಸಿನ ಮೇಲೆ ಕೂತಳು. ಅವನ ಬೆರಳು ಒಮ್ಮೆ ತುರುಬಿನೊಳಗೆ ಹೋಗಿ ಬಂತು. ಮರುಕ್ಷಣ ಬಗ್ಗಿ ಹಗ್ಗದ ಸುರುಳಿಯಿಂದ ಏನನ್ನೋ ಎತ್ತಿದ.

"ಸಾಹೇಬ್ರೇ, ಇಲ್ಲೇ ಬಿದ್ದಿದೆ ನೋಡಿ."

ಅಪ್ಪ ಕತ್ತರಿಯನ್ನು ನೋಡಿದ. ಅದರ ಹಿಡಿಗೆ ಸುತ್ತಿಕೊಂಡಿದ್ದ ಉದ್ದನೆಯ ನರೆಗೂದಲನ್ನೂ ನೋಡಿದ. ಅಮ್ಮ ಸಮುದ್ರ ನೋಡಿದಳು.

"ಹಗ್ಗದೊಳಗೆ ಸಿಕ್ತು ಅಂತ ಬರ್ಕೊಳ್ರಯ್ಯ," ಅಂದ ಅಪ್ಪ. "ದೋಣಿ ಇಪ್ಪತ್ತು ನಿಮಿಷ ನಿಲ್ಲಲಿ. ದುಯೀಲಿಯೊ, ಕತ್ತರಿ ಹೇಗೂ ನಿನ್ನ ಕೈಲೇ ಇದೆ..."

ಹೀಗೆ ಮದುವೆಯ ಹಿಂದಿನ ದಿನವೇ, ಅರ್ಧ ಜೈಲು ನೋಡುತ್ತಿರುವಾಗ, ನನ್ನ ತಲೆ ಸಿಂಗಾರವಾಯಿತು.

"ನಾಳೆವರೆಗೂ ಮಲಗ್ಬೇಡ ತಾಯಿ!" ಎಂದು ದುಯೀಲಿಯೊ ದೋಣಿಯಿಂದ ಕೂಗಿದ.

ಮದುವೆಯ ಫೋಟೋದಲ್ಲಿ ನನ್ನ ಒಂದು ಕೂದಲೂ ಕದಲಿಲ್ಲ. ಕಣ್ಣು ಮಾತ್ರ ಮುಚ್ಚಿವೆ. ಪಕ್ಕದಲ್ಲಿ ನಿಂತ ಅಮ್ಮನವೂ ಮುಚ್ಚಿವೆ: ಬೆಳಗಿನವರೆಗೆ ನನ್ನನ್ನು ಚಿವುಟುತ್ತಾ ಕೂತಿದ್ದವಳು ಅವಳೇ.